ಉಷ್ಟ್ರಪಕ್ಷಿಯ ಮೊಟ್ಟೆ, ತೆಂಗಿನ ಚಿಪ್ಪು

ಇವತ್ತು ತಮಿಳುನಾಡಿನ ತೇನಿಯ ಅಂಗಡಿಯೊಂದರಲ್ಲಿ ಬೆಟ್ಟದ ಜೇನಿನ ವಾಸನೆಗೆ ತಾತನ ಪುಸ್ತಕ ನೆನಪಾಯಿತು. ಬಿಳಿಯನೊಬ್ಬ ಬರೆದ ಆಫ್ರಿಕಾದ ಕಲಹಾರಿ ಮರುಭೂಮಿಯ ಪ್ರವಾಸ, 1890ರ ದಶಕದ ಅಚ್ಚು. ನನ್ನ ಬಾಲ್ಯದಲ್ಲಿ, ನಮ್ಮೂರು ಓಡೈಪಟ್ಟಿಯ ಮನೆಯ ಜಗಲಿಯಲ್ಲಿ ಕುಳಿತು ತಾತ ಅದನ್ನು ನಮ್ಮ ಮನೆಮಾತಾದ ಕನ್ನಡದಲ್ಲಿ ಹೇಳುತ್ತಿದ್ದರು. ಒಂದು ದಿನ ಹೇಳಿದ್ದು, ದಾರಿ ತಪ್ಪಿದ ಬಿಳಿಯನಿಗೆ ಅಲ್ಲಿನ ಸಾನ್ ಬುಡಕಟ್ಟಿನ ಹೆಂಗಸೊಬ್ಬಳು, ನೀರು ತುಂಬಿ ಮರಳಲ್ಲಿ ಹೂತಿಟ್ಟ ಉಷ್ಟ್ರಪಕ್ಷಿಯ ಮೊಟ್ಟೆಚಿಪ್ಪಿನಿಂದ ನೀರು ಕೊಟ್ಟ ಕಥೆ.

“ಅವಳು ಕುಡಿಯೋ ಮೊಟ್ಟೇಲೇನಾ ತಾತಾ?”

“ಆಮಾ, ಅದ್ರಲ್ಲೇ. ದಾಹಕ್ಕೇನು ಜಾತಿ, ಕಣ್ಣೂ?”

ಅಷ್ಟರಲ್ಲಿ ಬೆಟ್ಟದಿಂದ ಜೇನು ತರುವ ಪಳಿಯರ ಬುಡಕಟ್ಟಿನ ಮುದುಕಿ ಅಂಗಳಕ್ಕೆ ಬಂದು ನೀರು ಕೇಳಿದಳು. ಅವಳಿಗೆಂದೇ ಸೂರಿನಲ್ಲಿ ಒಂದು ತೆಂಗಿನ ಚಿಪ್ಪು ಸಿಕ್ಕಿಸಿಟ್ಟಿದ್ದೆವು. ತಾತ ನನ್ನ ಮುಖ ನೋಡಿದರು. ಎದ್ದು ಹೋಗಿ ತಮ್ಮ ಹಿತ್ತಾಳೆ ಚೊಂಬನ್ನೇ ಅವಳತ್ತ ಚಾಚಿದರು.

ಅವಳು ಹಿಂದೆ ಸರಿದು, ಚಿಪ್ಪನ್ನು ತಾನೇ ತೆಗೆದು ಒಡ್ಡಿದಳು. “ಇದ್ರಲ್ಲೇ ಹುಯ್ಯಿ ಸಾಮಿ. ಆಮೇಲೆ ಆ ಚೊಂಬು ಬೆಳಗೋರ್ಯಾರು?” ಎಂದು ನಕ್ಕಳು.

ತಾತ ಹುಯ್ದರು. ಚಿಪ್ಪಿಗಿಂತ ನೆಲಕ್ಕೇ ಹೆಚ್ಚು ನೀರು ಬಿತ್ತು. ಆ ಕಥೆಯನ್ನು ಅವರು ಮತ್ತೆ ಹೇಳಲಿಲ್ಲ, ನಾನೂ ಕೇಳಲಿಲ್ಲ.

ಜೇನು ಕೊಂಡು ಮನೆಗೆ ಬಂದೆ. ಆ ಮುದುಕಿಯ ಹೆಸರನ್ನು ನೆನಪಿಸಿಕೊಳ್ಳಲು ಸಂಜೆಯಿಡೀ ಯತ್ನಿಸಿದೆ. ನಮ್ಮ ಮನೆಯಲ್ಲಿ ಯಾರೂ ಅದನ್ನು ಕೇಳಿಯೇ ಇರಲಿಲ್ಲ.