ಸೆಲ್ವಂ ಆಡಿದ್ದು ಕನ್ನಡವೇ

ನಾನು ನಿಂತಿದ್ದದ್ದು ಈ ದ್ವೀಪದೇಶದ ಯಿಶುನ್‌ನಲ್ಲಿ, ಸಾಲಿನ ಕೊನೆಯ ಒಂದು ಹಳೆಯ ಟೆರೇಸ್ ಮನೆಯ ಪಕ್ಕದ ಓಣಿಯಲ್ಲಿ, ಪಶ್ಚಿಮದ ಗೋಡೆಗೆ ಮುಖ ಮಾಡಿ. ಶನಿವಾರ, ಊಟದ ಹೊತ್ತಿಗೆ ಸ್ವಲ್ಪ ಮುಂಚೆ. ನನ್ನಿಂದ ಒಂದು ಕೈಯಳತೆಯಲ್ಲಿ ಸೆಲ್ವಂ ನಿಂತಿದ್ದ. ಅವನು ಕನ್ನಡದಲ್ಲಿ ನನ್ನನ್ನು ಒಂದು ಪ್ರಶ್ನೆ ಕೇಳಿದ. ಅದು ತಮಿಳು, ನನಗೆ ಅರ್ಥವಾಗುವುದಿಲ್ಲ ಎಂದು ನಾನು ನಮ್ಮ ಕಂಪನಿಯ ಮಾಲೀಕರಿಗೆ ಹೇಳಿದೆ.

ಇದೇ ನಾನು ಮಾಡಿದ್ದು. ಉಳಿದದ್ದೆಲ್ಲ ವಿವರ — ಆದರೂ ಹೇಳುತ್ತೇನೆ.

ಆ ಮನೆ ಮೂರ್ತಿ ಅಂಕಲ್ ಅವರದು. ಮೈಸೂರಿನವರು, ಇಲ್ಲಿಯ ಪೌರತ್ವ ಪಡೆದು ಕೊಂಡ ಮನೆ. ನಾನು ಟ್ಯಾನ್ ಎಂಬುವವರ ಸಣ್ಣ ಕಂಪನಿಯಲ್ಲಿ ಸೂಪರ್‌ವೈಸರ್. ಗೋಡೆಗೆ ವಿನೈಲ್ ಹಲಗೆ ಹೊದಿಸುವ ಕೆಲಸ ನಮ್ಮದು. ಸೆಲ್ವಂ ಗಡಿಯಾಚೆಯ ಹೊಸೂರು ಕಡೆಯವನು, ಹಲಗೆ ಹೊಡೆಯುವವನು. ಮೊದಲ ದಿನವೇ ಅವನ ಮಾತು ಕೇಳಿ ಅಂಕಲ್ ಹಿಗ್ಗಿದ್ದರು: “ನೋಡ್ರೀ, ಇವನ ಕನ್ನಡ ನಮ್ಮ ಅನನ್ಯಂಗಿಂತ ಸೂಪರ್ ಆಗಿದೆ!” ಅವರ ಮಗಳು ಅನನ್ಯ ನಕ್ಕಳು. “ಹೀ ಕ್ಯಾನ್ ಟೀಚ್ ಮೀ ಲಾ, ಅಪ್ಪಾ.”

ಗೋಡೆ ನಡುವೆ ಉಬ್ಬಿತ್ತು, ಕೆಳಗೆ ಒಳಕ್ಕೆ ಸರಿದಿತ್ತು. ಇಂಥ ಕಡೆ ಮೊದಲು ಮರದ ಪಟ್ಟಿಗಳನ್ನು ನಿಲ್ಲಿಸಿ, ತಗ್ಗಿದ್ದಲ್ಲಿ ಹಿಂದೆ ತುಂಡು ಕೊಟ್ಟು, ಎಲ್ಲವನ್ನೂ ಒಂದೇ ಮಟ್ಟಕ್ಕೆ ತರಬೇಕು. ಆಮೇಲೆ ಹಲಗೆಗಳನ್ನು ತುಸು ಸಡಿಲವಾಗಿ ಹೊಡೆಯಬೇಕು — ಬಿಸಿಲಿಗೆ ಅವು ಹಿಗ್ಗುತ್ತವೆ, ಸರಿದಾಡಲು ಜಾಗ ಬೇಕು. ಇದು ನನಗೆ ಗೊತ್ತಿತ್ತು. ಗೊತ್ತಿದೆ ಎಂದೇ ಕೆಲಸ ಕೊಟ್ಟಿದ್ದರು.

ಆದರೆ ಗೃಹಪ್ರವೇಶದ ಮುಹೂರ್ತ ಹತ್ತಿರವಿತ್ತು. “ಪಟ್ಟಿಗಿಟ್ಟಿ ಎಲ್ಲ ಬೇಡ ಕಣಯ್ಯ,” ಎಂದರು ಅಂಕಲ್. “ಡೇಟ್ ಫಿಕ್ಸ್ ಆಗಿದೆ. ಗೆಸ್ಟ್‌ಗಳೇನು ಸ್ಕೇಲ್ ಹಿಡ್ಕೊಂಡು ಬರ್ತಾರಾ?” ಅವರ ಹೆಂಡತಿ ಶುಭಾ ಆಂಟಿ ಅಲ್ಲೇ ಇದ್ದರು, ಅನನ್ಯಳೂ ಇದ್ದಳು. ನಾನು ಸೆಲ್ವಂ ಕಡೆ ತಿರುಗಿ ಹೇಳಿದೆ: “ಪಟ್ಟಿ ಬೇಡ. ಗೋಡೆಗೇ ಬಿಗಿಯಾಗಿ ಹೊಡಿ.”

“ಬ್ಯಾಡ್ವಾ ಸಾರ್?” ಎಂದ.

“ಹೇಳಿದ್ದು ಮಾಡು.”

ಗೃಹಪ್ರವೇಶ ಚೆನ್ನಾಗಿ ಆಯಿತು. ಅದಾಗಿ ಕೆಲವು ವಾರಗಳಲ್ಲಿ ಮಧ್ಯಾಹ್ನದ ಬಿಸಿಲಿಗೆ ಹಲಗೆಗಳು ಅಲೆಅಲೆಯಾಗಿ ಉಬ್ಬಿದವು. ಒಂದು ಕಳಚಿ ಪಕ್ಕದ ಮನೆಯವರ ಕಾರಿನ ಮೇಲೆ ಬಿತ್ತು. ಟ್ಯಾನ್ ವಿಚಾರಿಸಲು ಬಂದರು; ಅಂಕಲ್ ಪಕ್ಕದಲ್ಲೇ ನಿಂತಿದ್ದರು. ಆ ಶನಿವಾರ ಅದೇ.

“ಹೂ ಟೆಲ್ ಯೂ ನೋ ಬ್ಯಾಟನ್?” — ಪಟ್ಟಿ ಬೇಡ ಅಂದದ್ದು ಯಾರು — ಎಂದು ಸೆಲ್ವಂನನ್ನು ಗದರಿದರು. ಅವನು ನನ್ನತ್ತ ಕೈ ತೋರಿಸಿದ. “ಸೂಪರ್‌ವೈಸರ್ ಟೆಲ್, ಬಾಸ್.”

ಇಲ್ಲೇ ಕಾಯಂ ಆಗಿ ನೆಲೆಸಲು ನನ್ನ ಪಿಆರ್ ಅರ್ಜಿ ಆಗಷ್ಟೇ ಹಾಕಿದ್ದೆ — ಇರಲಿ, ಅದು ಇಲ್ಲಿ ಬೇಡ. ಅವನು ತಪ್ಪು ತಿಳಿದಿದ್ದಾನೆ ಎಂದೆ. ನಾನೂ ಅಂಕಲ್ಲೂ ನಮ್ಮ ಭಾಷೆಯಲ್ಲಿ ಮಾತಾಡುತ್ತಿದ್ದೆವು, ಅದು ಅವನಿಗೆ ಬರುವುದಿಲ್ಲ ಎಂದೆ.

ಸೆಲ್ವಂ ಟ್ಯಾನ್‌ರನ್ನು ಬಿಟ್ಟು ನನ್ನ ಕಡೆ ತಿರುಗಿದ.

“ಸಾರ್, ನನ್ ಮುಖ ನೋಡಿ ಹೇಳಿ. ಪಟ್ಟಿ ಬ್ಯಾಡ ಅಂದೋರು ನೀವೇ ತಾನೆ?”

“ವಾಟ್ ಹೀ ಸೇ?” ಎಂದರು ಟ್ಯಾನ್.

“ತಮಿಳ್ ಲಾ, ಬಾಸ್. ಐ ಡೋಂಟ್ ನೋ.”

ಸೆಲ್ವಂ ತನ್ನ ಸುತ್ತಿಗೆ ಎತ್ತಿಕೊಂಡು ಓಣಿಯಿಂದ ಹೊರಟ. ಅವನ ಕೆಲಸದ ಪರ್ಮಿಟ್ ರದ್ದಾಯಿತು, ಊರಿಗೆ ಕಳಿಸಿದರು. ಆ ಶನಿವಾರವೇ ಗೇಟಿನ ಬಳಿ ಅಂಕಲ್ ನನ್ನ ಬೆನ್ನು ತಟ್ಟಿದರು: “ಬಿಡು, ಮ್ಯಾಟರ್ ಕ್ಲೋಸ್ ಆಯ್ತಲ್ಲ. ಊಟ ಮಾಡ್ಕೊಂಡೇ ಹೋಗು.”

ನಾನು ಊಟ ಮಾಡಿದೆ.

ಆ ನವೆಂಬರ್‌ನಲ್ಲಿ ನಮ್ಮ ರಾಜ್ಯೋತ್ಸವದ ವೇದಿಕೆಯ ಮೇಲೆ ಅಂಕಲ್ ಕನ್ನಡ ಉಳಿಸಬೇಕೆಂದು ಭಾಷಣ ಮಾಡಿದರು. ನಿರೂಪಣೆ ನನ್ನದು. ಯಾವ ಕನ್ನಡ? ಹೊಟ್ಟೆಪಾಡಿಗೆ ಬಂದವನೊಬ್ಬ ನಮ್ಮೆದುರು ಆಡಿದ ಕನ್ನಡವನ್ನು ಕನ್ನಡವೇ ಅಲ್ಲ ಅಂದವರು ನಾವು — ಅದೇ ಬಾಯಿಗಳಿಂದ ಹಾಡಿದೆವು, ಶಾಲು ಹೊದಿಸಿಕೊಂಡೆವು. ಆ ಚಪ್ಪಾಳೆ ನೆನೆದರೆ ಇಂದಿಗೂ ಮೈ ಉರಿಯುತ್ತದೆ. ಅಂಕಲ್ ಮೇಲಿನ ಸಿಟ್ಟು ಎಂದು ಬಹಳ ಕಾಲ ಅಂದುಕೊಂಡಿದ್ದೆ. ಸುಳ್ಳು ಆಡಿದವನು ನಾನು, ಅವರಲ್ಲ.

ಸೆಲ್ವಂನ ಹಳೆಯ ನಂಬರ್ ಈಗ ಬೇರೆ ಯಾರದೋ. ಹೊಸೂರಿಗೆ ಹೋಗಿ ಹುಡುಕುತ್ತೇನೆ. ಕಳೆದ ವಾರ ಸೆಂಗ್‌ಕಾಂಗ್‌ನ ಮನೆಗೆ ಹೋಗಿ, ನಿವೃತ್ತರಾಗಿರುವ ಟ್ಯಾನ್‌ರಿಗೆ ನಡೆದದ್ದನ್ನು ನಡೆದ ಹಾಗೆ ಹೇಳಿದೆ. ಅವರು “ಸೋ ಮೆನಿ ಇಯರ್ಸ್, ಯೂ ಕೀಪ್ ಕ್ವಯಟ್ ಆ?” ಎಂದು ಎದ್ದು ಒಳಗೆ ಹೋದರು. ಬಾಗಿಲು ಹಾಕಿಕೊಂಡರು.

ಮೂರ್ತಿ ಅಂಕಲ್ ಈಗಿಲ್ಲ. ಅಂದು ಅಲ್ಲಿದ್ದವರಲ್ಲಿ ಬದುಕಿರುವವರು — ಟ್ಯಾನ್, ಓಣಿಗೆ ತೆರೆಯುವ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಶುಭಾ ಆಂಟಿ, ಅವರ ಹಿಂದೆ ಅನನ್ಯ. ತಾಯಿ, ಮಗಳು ಇಬ್ಬರಿಗೂ ಸೆಲ್ವಂ ಕೇಳಿದ್ದು ಅರ್ಥವಾಗಿತ್ತು.