ಬದುಕಿದ್ದೇ ಕನಸಿಗೆ ಬಂದ ರಾಕೆಲ್

ನಮ್ಮ ಕೊಲ್ಲಿಯಲ್ಲಿ ಬಸುರಿಯ ಕನಸಿಗೆ ಸತ್ತವರು ಸುಮ್ಮನೆ ಬರುವುದಿಲ್ಲ, ಹೆಸರು ಕೇಳಲು ಬರುತ್ತಾರೆ. ಬಂದವರ ಹೆಸರನ್ನು ಹುಟ್ಟುವ ಕೂಸಿಗೆ ಇಡಲೇಬೇಕು. ಇಡದೆ ಹೋದರೆ ಏನಾದೀತೆಂದು ನೋಡುವ ಧೈರ್ಯ ಐಸ್‌ಲ್ಯಾಂಡಿನ ಈ ಮೂಲೆಯಲ್ಲಿ ಇನ್ನೂ ಯಾರಿಗೂ ಬಂದಿಲ್ಲ. ಇದರಿಂದ ಅನ್ಯಾಯವಾದದ್ದು ನನ್ನ ನೆರೆಮನೆಯ ರಾಕೆಲ್‌ಗೆ. ಮದುವೆಯಿಲ್ಲ, ಮಕ್ಕಳಿಲ್ಲ, ಎಂಬತ್ತು ದಾಟಿದರೂ ಸಾಯುವ ಲಕ್ಷಣವೂ ಇಲ್ಲ. ಅಜ್ಜಿಯಿಂದ ಬಂದ ಹೆಸರು ತಾನು ಬದುಕಿರುವಾಗ ಯಾವ ಕೂಸಿಗೂ ಸಿಗುವುದಿಲ್ಲವಲ್ಲ ಎಂಬುದೊಂದೇ ಅವಳ ಕೊರಗು.

ಹಾಗೆಂದು ಕೊರಗುತ್ತ ಕೂರುವ ಹೆಂಗಸಲ್ಲ ಅವಳು. ಯಾರಿಗೆ ವಾಂತಿ ಶುರುವಾಯಿತೆಂದು ಗಂಡನಿಗಿಂತ ಮೊದಲು ಅವಳಿಗೆ ತಿಳಿಯುತ್ತಿತ್ತು. ಬೆಣ್ಣೆ, ಒಣಮೀನು, ತಾನೇ ಹೆಣೆದ ಪುಟ್ಟ ಕಾಲುಚೀಲ ಹಿಡಿದು ಬಾಗಿಲಲ್ಲಿ ಹಾಜರಾಗುತ್ತಿದ್ದಳು.

"ಕನಸು ಗಿನಸು ಏನಾದ್ರೂ ಬಿತ್ತೇನೇ?"

"ಬಿತ್ತು ಅಜ್ಜಿ. ನಮ್ಮೆಜಮಾನ್ರ ಚಿಕ್ಕಮ್ಮ ಬಂದಿದ್ರು."

"ಅವಳಾ? ಬದುಕಿದ್ದಾಗ ಒಬ್ಬರ ಮನೆ ಹೊಸಿಲು ತುಳಿದವಳಲ್ಲ. ಈಗ ಬಿಡುವಾಯ್ತಂತಾ?"

ಕಾಲುಚೀಲ ಕೊಟ್ಟು, ಬೆಣ್ಣೆಯನ್ನು ವಾಪಸು ತರುತ್ತಿದ್ದಳು.

ಒಮ್ಮೆ ಬೆಟ್ಟದಿಂದ ಕುರಿಗಳನ್ನು ಇಳಿಸಿ ದೊಡ್ಡಿಗೆ ತುಂಬುತ್ತಿದ್ದೆವು. ಹೊಸದಾಗಿ ಬಂದಿದ್ದ ಎಳೆಯ ಪಾದ್ರಿ, ಸುಮ್ಮನಿರಲಾರದೆ, ರಾಕೆಲ್ ಎಂದರೆ ಹೀಬ್ರೂ ಭಾಷೆಯಲ್ಲಿ ಹೆಣ್ಣುಕುರಿ ಎಂದುಬಿಟ್ಟ. ದೊಡ್ಡಿಯಿಡೀ ಬಿದ್ದು ಬಿದ್ದು ನಕ್ಕಿತು.

"ಹಾಗಾದ್ರೆ ಈ ಕುರಿಗಳ ಹಾಗೆ ನಿನ್ ಕಿವೀನೂ ಕತ್ತರಿಸಿ ಗುರುತು ಹಾಕ್ಬೇಕಿತ್ತಲ್ಲೇ" ಎಂದಳು ಕೆಳಮನೆಯ ಥೋರ್ಡಿಸ್.

ರಾಕೆಲ್‌ಳ ಮುಖ ಮಾತ್ರ ಊರಗಲವಾಗಿತ್ತು. "ಕುರಿ ಅಂದ್ರೆ ಕಮ್ಮಿ ಏನೇ? ಮಂಜಲ್ಲೂ ಮನೆ ದಾರಿ ಹಿಡಿಯುತ್ತೆ. ಉಣ್ಣೆ ಕೊಡುತ್ತೆ, ಹಾಲು ಕೊಡುತ್ತೆ. ನಿಮ್ಮಮ್ಮ ಹಾಲ್‌ವೇಗ್ ಊರಿಗೆ ಏನ್ ಕೊಟ್ಳು, ನೆಗಡಿ ಬಿಟ್ಟು?"

ಅಂದಿನಿಂದ ಬಸುರಿಯರಿಗೆ ಬೆಣ್ಣೆಯ ಜೊತೆ ಹೆಸರಿನ ಅರ್ಥವೂ ಸಿಗತೊಡಗಿತು. ಹೆಸರನ್ನು ಮಾತ್ರ ಯಾರೂ ತೆಗೆದುಕೊಳ್ಳಲಿಲ್ಲ. ಸತ್ತವರ ಸರದಿಯೇ ಮುಗಿಯುತ್ತಿರಲಿಲ್ಲವಲ್ಲ.

ಮುಂದೆ ಥೋರ್ಡಿಸ್‌ಳ ಸೊಸೆ ಸಿಗ್ನಿ ಬಸುರಾದಳು. ತೀರಿಹೋದ ತನ್ನ ತಾಯಿ ಹಾಲ್‌ವೇಗ್ ಇಂದೋ ನಾಳೆಯೋ ಕನಸಿಗೆ ಬರುತ್ತಾಳೆಂದು ಥೋರ್ಡಿಸ್ ಊರಿಗೆಲ್ಲ ಸಾರಿದ್ದಳು. ಒಂದು ಬೆಳಿಗ್ಗೆ ಗಂಜಿ ಕುಡಿಯುತ್ತ ಸಿಗ್ನಿ ಹೇಳಿದಳು: "ಅತ್ತೆ, ಕನಸಲ್ಲಿ ರಾಕೆಲ್ ಅಜ್ಜಿ ಬಂದಿದ್ರು. ರಬ್ಬರ್ ಬೂಟಲ್ಲೇ ಒಳಗೆ ಬಂದು, ಹೆಸರು ಕೊಡು ಅಂದ್ರು."

ಥೋರ್ಡಿಸ್‌ಳ ಕೈಯ ಚಮಚ ನೆಲಕ್ಕೆ ಬಿತ್ತು. ಕನಸಿಗೆ ಬಂದಳೆಂದರೆ ಮುದುಕಿ ಹೋದಳೆಂದೇ ಅರ್ಥ. ಅವಳು ನನಗೆ ಫೋನ್ ಮಾಡಿದಳು, ನಾನು ಪಾದ್ರಿಗೆ ಮಾಡಿದೆ. ಪಕ್ಕದ ಮನೆಯವಳಾಗಿ ನನಗೇ ಗೊತ್ತಾಗಲಿಲ್ಲವಲ್ಲ ಎಂದು ನನ್ನನ್ನೇ ಬೈದುಕೊಂಡೆ. ಮೂವರೂ ಕಪ್ಪು ಬಟ್ಟೆ ತೊಟ್ಟು ಹೋದೆವು. ಥೋರ್ಡಿಸ್ ಸಾವಿನ ಮನೆಗೆಂದು ಒಂದು ತಟ್ಟೆ ದೋಸೆಯನ್ನೂ ಹೊಯ್ದು ತಂದಿದ್ದಳು. ಅದರ ಮೇಲೆ ಸಕ್ಕರೆ ಬೇರೆ.

ರಾಕೆಲ್ ರೊಟ್ಟಿ ಜಗಿಯುತ್ತ ಬಾಗಿಲು ತೆರೆದಳು. "ಯಾರು ಸತ್ರು?"

"ನೀನು" ಎಂದಳು ಥೋರ್ಡಿಸ್, ಮೋಸಹೋದವಳ ದನಿಯಲ್ಲಿ.

ಕನಸಿನ ಸುದ್ದಿ ಕೇಳಿದ್ದೇ ತಡ, ರಾಕೆಲ್ ನಮ್ಮನ್ನು ಒಳಗೆ ಕೂರಿಸಿ ಆ ದೋಸೆಯನ್ನೇ ಬಡಿಸಿದಳು. ಥೋರ್ಡಿಸ್ ಮಾತ್ರ ಜಗ್ಗಲಿಲ್ಲ. "ಜೀವ ಇರೋರು ಬಂದ್ರೆ ಲೆಕ್ಕಕ್ಕಿಲ್ಲ. ಅದು ಬರೀ ಅಜೀರ್ಣದ ಕನಸು." ಪಾದ್ರಿಯನ್ನು ಕೇಳಿದರೆ, ಬೈಬಲಿನಲ್ಲಿ ಈ ಬಗ್ಗೆ ಏನೂ ಇಲ್ಲವೆಂದು ಇನ್ನೊಂದು ದೋಸೆ ತೆಗೆದುಕೊಂಡ.

ನಮ್ಮಲ್ಲಿ ದೀಕ್ಷಾಸ್ನಾನದವರೆಗೆ ಮಗುವಿನ ಹೆಸರನ್ನು ಬಾಯಿ ಬಿಡುವಂತಿಲ್ಲ. ಹೆಣ್ಣು ಹುಟ್ಟಿದ ಮೇಲಂತೂ ರಾಕೆಲ್ ದಿನಾ ನನ್ನ ಅಡುಗೆಮನೆಗೆ ಬಂದು, "ಇಡ್ತಾಳೆ ಅಂತೀಯಾ?" ಎಂದು ಕೇಳಿ ನನ್ನ ತಲೆ ತಿಂದಳು. ಬೈದು ಕಳಿಸುತ್ತಿದ್ದೆ, ಮರುದಿನ ಅವಳಿಗೂ ಸೇರಿಸಿಯೇ ಕಾಫಿ ಇಡುತ್ತಿದ್ದೆ.

ಆ ಭಾನುವಾರ ಚರ್ಚಿನಲ್ಲಿ ಪಾದ್ರಿ ಮಗುವಿನ ಹೆಸರೇನೆಂದು ಕೇಳಿದ. ಸಿಗ್ನಿ ಅತ್ತೆಯ ಕಡೆ ನೋಡದೆ, ಮೆಲ್ಲಗೆ ಹೇಳಿದಳು. ಪಾದ್ರಿ ಗಟ್ಟಿಯಾಗಿ ಕೂಗಿದ: "ರಾಕೆಲ್."

"ಓ" ಎಂದು ಹಿಂದಿನ ಬೆಂಚಿನಿಂದ ಮುದುಕಿ ಎದ್ದು ನಿಂತಳು.

ಚರ್ಚು ನಕ್ಕಿತು. ಅವಳಿಗೆ ಅದರ ಪರಿವೆಯೇ ಇಲ್ಲ, ಕೂರುವುದನ್ನೂ ಮರೆತಿದ್ದಳು. ನಾನು ಅತ್ತುಬಿಟ್ಟೆ.

ಆಮೇಲೆ ಕಾಫಿಗೆ ಕೂತಾಗ ಥೋರ್ಡಿಸ್ ಮುಖ ಊದಿಸಿಕೊಂಡು ಕೇಕು ಕತ್ತರಿಸಲು ಒಳಗೆ ಹೋದಳು. ತೊಡೆಯ ಮೇಲಿದ್ದ ಕೂಸಿನ ಪಾದ ಹಿಡಿದುಕೊಂಡು ರಾಕೆಲ್, ಪಕ್ಕದಲ್ಲಿದ್ದ ನನಗಷ್ಟೇ ಕೇಳುವಂತೆ, ಸಿಗ್ನಿಗೆ ತಗ್ಗಿದ ದನಿಯಲ್ಲಿ ಹೇಳಿದಳು: "ನೀನು ಆ ಕನಸು ಕಂಡಿಲ್ಲ."

ಸಿಗ್ನಿ ಕೆಂಪಾದಳು. "ಯಾಕಜ್ಜಿ ಹಾಗಂತೀರಿ?"

"ಬದುಕಿರೋರ ಕೈಲಿ ಅದು ಆಗಲ್ಲ ಕಣೆ. ನಾನೆಷ್ಟು ಸಲ ಪ್ರಯತ್ನ ಪಟ್ಟಿದೀನಿ."

ಸಿಗ್ನಿ ಕೂಸಿನ ಶಾಲು ಸರಿಮಾಡಿದಳು. "ನೀವು ಹೋದ್ಮೇಲೆ ಬಂದು ಕೇಳಿದ್ರೆ ಕೊಡ್ಲೇಬೇಕಿತ್ತಲ್ಲ ಅಜ್ಜಿ. ಕೂಗೋದು ನಿಮ್ಮ ಕಿವಿಗೆ ಬೀಳ್ಲಿ ಅಂತ ಈಗ್ಲೇ ಕೊಟ್ಟೆ."

ರಾಕೆಲ್ ಕಣ್ಣೊರೆಸಿಕೊಂಡು, ಒಳಗಿನ ಬಾಗಿಲ ಕಡೆ ನೋಡಿ, ಅವಳ ಕಿವಿಯ ಹತ್ತಿರ ಬಗ್ಗಿದಳು.

"ಹಾಲ್‌ವೇಗ್ ಕನಸಿಗೆ ಬಂದು ಜಗಳ ತೆಗೆದ್ರೆ ನೀನು ಹೆದರಬೇಡ. ಸ್ವಲ್ಪ ದಿನ ತಡ್ಕೊ ಅನ್ನು. ನಾನೇ ಅಲ್ಲಿಗೆ ಹೋಗಿ ಅವಳನ್ನ ಸಮಾಧಾನ ಮಾಡ್ತೀನಿ."