ಸಣ್ಣಾಕಿ ಅಂಜಿಕಿ

ನಮ್ಮ ಮನೆಯ ಫ್ರಿಜ್ಜಿನ ಬಾಗಿಲಲ್ಲಿ, ಕರಿಬೇವಿನ ಡಬ್ಬಿಯ ಪಕ್ಕಕ್ಕೆ, ನಿನ್ನೆಯಿಂದ ಹೊಸ ಅತಿಥಿಯೊಬ್ಬರು ಬಂದು ಕೂತಿದ್ದಾರೆ. ನೋಡಲು ಪೆನ್ನಿನ ಹಾಗೆಯೇ. ಮುಚ್ಚಳ ತೆಗೆದರೆ ಮಾತ್ರ ಬರೆಯುವ ಕಡೆ ಸೂಜಿ. ಗುಳಿಗೆ ನುಂಗುವ ಕಾಲ ಮುಗಿಯಿತು, ಇನ್ನು ಮೇಲೆ ಸಕ್ಕರೆಯನ್ನು ಇದೇ ಅಂಕೆಯಲ್ಲಿಡಬೇಕು ಎಂದರು ಡಾಕ್ಟರು. ಡಾಕ್ಟರು ಎಂದರೆ ನನ್ನ ಮಗಳಿಗಿಂತ ಚಿಕ್ಕ ಹುಡುಗಿ. ದಿನಾ ಬೆಳಿಗ್ಗೆ ನೀವೇ ಚುಚ್ಚಿಕೊಳ್ಳಿ, ಹೊಟ್ಟೆಗೆ, ಹೊಕ್ಕುಳದಿಂದ ಸ್ವಲ್ಪ ಆಚೆ, ಎಂದು ನಗುತ್ತಲೇ ಹೇಳಿದರು. ಇವತ್ತು ಅದರ ಮೊದಲ ಬೆಳಿಗ್ಗೆ. ಇಷ್ಟು ಹೊತ್ತಿಗಾಗಲೇ ನಾನು ಸ್ಪಿರಿಟ್ಟಿನ ಹತ್ತಿಯಿಂದ ಹೊಟ್ಟೆಯನ್ನು ಮೂರು ಸಲ ಒರೆಸಿಕೊಂಡಿದ್ದೇನೆ, ಮೂರು ಸಲವೂ ಪೆನ್ನನ್ನು ಮತ್ತೆ ಕರಿಬೇವಿನ ಪಕ್ಕಕ್ಕೇ ಇಟ್ಟು ಬಂದಿದ್ದೇನೆ. ಈ ಓಣಿಯಲ್ಲಿ ನನ್ನಷ್ಟು ಸ್ವಚ್ಛವಾದ ಹೊಟ್ಟೆ ಇನ್ನೊಬ್ಬರಿಗೆ ಇರಲಾರದು.

ನನ್ನ ಮುಖ ನೋಡಿ ಆ ಡಾಕ್ಟರ್ ಹುಡುಗಿ ಒಂದು ದೊಡ್ಡ ಶಬ್ದ ಹೇಳಿದ್ದರು. ಟ್ರಿಪನೋಫೋಬಿಯಾ. ಸೂಜಿ ಕಂಡರೆ ಹೆದರುವುದಕ್ಕೆ ಇರುವ ಹೆಸರಂತೆ. ಶಬ್ದದ ಬೇರು ಗ್ರೀಕ್ ಭಾಷೆಯದು, ಅಲ್ಲಿ ಅದಕ್ಕೆ ಕೊರೆಯುವ ಸಾಧನ, ಅಂದರೆ ನಮ್ಮ ಬಡಗಿಯ ಬೈರಿಗೆ, ಎಂಬ ಅರ್ಥವಂತೆ. ಕೇಳಿ ನನಗೆ ಸಮಾಧಾನವಾಯಿತು. ಸೂಜಿಯನ್ನು ಬೈರಿಗೆಯ ಗಾತ್ರಕ್ಕೆ ಕಂಡವಳು ನಾನೊಬ್ಬಳೇ ಅಲ್ಲ. ಆದರೆ ನಮ್ಮ ಮನೆಯಲ್ಲಿ ಇದಕ್ಕೆ ಬೇರೆಯೇ ಹೆಸರಿತ್ತು. ಸ್ಪಿರಿಟ್ಟಿನ ವಾಸನೆ ಇನ್ನೂ ಕೈಗೆ ಹತ್ತಿಕೊಂಡಿದೆ, ಪೆನ್ನು ಎಲ್ಲಿಗೂ ಓಡಿಹೋಗುವುದಿಲ್ಲ, ಕೂತುಕೊಳ್ಳಿ, ಆ ಹೆಸರಿನ ಕಥೆ ಹೇಳುತ್ತೇನೆ.

ನಾನು ಹುಟ್ಟಿ ಬೆಳೆದದ್ದು ಮುನವಳ್ಳಿಯಲ್ಲಿ. ನಮ್ಮ ಕಡೆ ದೀಪ ಹಚ್ಚಿದ ಮೇಲೆ ಸೂಜಿಯನ್ನು ಯಾರಿಗೂ ಕೊಡುವುದಿಲ್ಲ, ಅದರ ಹೆಸರನ್ನೂ ಎತ್ತುವುದಿಲ್ಲ. ಹಾವಿಗೆ ಹುಳ ಅನ್ನುತ್ತಾರಲ್ಲ, ಹಾಗೆ ನಮ್ಮ ಆಯಿ, ಅಂದರೆ ಅಪ್ಪನ ಅವ್ವ, ಕತ್ತಲಾದ ಮೇಲೆ ಸೂಜಿಗೆ ‘ಸಣ್ಣಾಕಿ’, ಸಣ್ಣವಳು, ಅನ್ನುತ್ತಿದ್ದಳು. ಸಣ್ಣಾಕಿ ಎಲ್ಲಿ ಬಿದ್ದಾಳ ನೋಡು, ಕಾಲಾಗ ಹೊಕ್ಕಾಳು, ಎಂದು ಲಾಟೀನು ಹಿಡಿದು ಹುಡುಕಿಸುತ್ತಿದ್ದಳು. ಆ ಹೆಸರಿಗೆ ಅಂಜಿಕೆಯನ್ನು ಜೋಡಿಸಿದವನು ನಮ್ಮಪ್ಪ. ಅದೂ ತನ್ನ ಅಕ್ಕನನ್ನು ಕಾಡುವುದಕ್ಕೆ.

ಆ ಅಕ್ಕನೇ ನನ್ನ ಸೋದರತ್ತೆ, ಗೌರತ್ತಿ. ರಾಮದುರ್ಗಕ್ಕೆ ಕೊಟ್ಟಿದ್ದರು. ಗಂಡ ಬೇಗ ತೀರಿಕೊಂಡ ಮೇಲೆ ತವರಿಗೆ ಬಂದು, ಬಂದ ವರ್ಷವೇ ಮನೆಯ ಆಡಳಿತ ಕೈಗೆ ತೆಗೆದುಕೊಂಡವಳು. ಆಳೆತ್ತರದ ಹೆಂಗಸು. ಹಗ್ಗ ಹರಿದುಕೊಂಡು ಬಜಾರಿಗೆ ನುಗ್ಗಿದ ಹೋರಿಯನ್ನು ಮೂಗುದಾರ ಹಿಡಿದು ನಿಲ್ಲಿಸಿದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಚೇಳನ್ನು ಕಟ್ಟಿಗೆಯ ತುದಿಯಿಂದ ಎತ್ತಿ ಹಿತ್ತಿಲಾಚೆ ಒಗೆದು, ಅದೇ ಕಟ್ಟಿಗೆಯನ್ನು ಒಲೆಗಿಟ್ಟು ರೊಟ್ಟಿ ಬಡಿಯುತ್ತ ಕೂಡುವವಳು. ಸವದತ್ತಿ ಸಂತೆಯಲ್ಲಿ ಅವಳು ಚೌಕಾಸಿಗೆ ನಿಂತರೆ ವ್ಯಾಪಾರಿಗಳು ಮೊದಲೇ ಸೋತ ಮುಖ ಮಾಡುತ್ತಿದ್ದರು.

ಬಿಡುವು ಸಿಕ್ಕರೆ ಅವಳ ಕೈಯಲ್ಲಿ ಹೊದೆಯುವ ಕೌದಿ. ಹಳೆಯ ಸೀರೆ, ಧೋತರಗಳನ್ನು ಪದರ ಪದರವಾಗಿ ಹಾಸಿ, ಅಂಚಿನಿಂದ ಒಳಗೆ ಸುತ್ತುತ್ತ ಸಾಲು ಸಾಲಾಗಿ ಟಾಕಿ, ಅಂದರೆ ಹೊಲಿಗೆ, ಹಾಕುತ್ತ ಹೋಗಬೇಕು. ಗೌರತ್ತಿಯ ಟಾಕಿ ಜೋಳದ ಕಾಳಿನಷ್ಟು, ಒಂದರ ಹಾಗೆ ಇನ್ನೊಂದು. ಕೌದಿಯ ಉದ್ದ ಸೂಜಿ ಹಗಲೆಲ್ಲ ಅವಳ ಬೆರಳ ನಡುವೆ ಓಡಾಡುತ್ತಿತ್ತು. ಬೆರಳಿಗೆ ಚುಚ್ಚಿ ರಕ್ತ ಬಂದರೆ ಬಾಯಲ್ಲಿಟ್ಟುಕೊಂಡು ಚೀಪಿ ಮುಂದಿನ ಟಾಕಿಗೆ ಹೋಗುತ್ತಿದ್ದಳು.

ಇಂಥ ಗೌರತ್ತಿ ಆಸ್ಪತ್ರೆಯ ಸೂಜಿ ಎಂದರೆ ಬೆವರುತ್ತಿದ್ದಳು. ಊರಿಗೆ ಮೈಲಿ ಹಾಕುವವರು, ಅಂದರೆ ಸಿಡುಬಿಗೆ ಚುಚ್ಚುವವರು, ಬಂದರೆಂದು ಗೊತ್ತಾದರೆ ಹಿತ್ತಿಲ ಬಣವೆಯ ಹಿಂದೆ ಮಾಯವಾಗುವಳು. ಒಮ್ಮೆ ಅವರು ಊಟಕ್ಕೂ ನಮ್ಮ ಮನೆಯಲ್ಲೇ ಕೂತುಬಿಟ್ಟರು. ಅಡುಗೆ ಮಾಡಬೇಕಾದವಳು ಬಣವೆಯ ಸಂದಿಯಲ್ಲಿ, ಬಡಿಸಲು ಆಯಿ. ಸಂಜೆ ಮೈತುಂಬ ಮೇವಿನ ಎಸಳು ಮೆತ್ತಿಕೊಂಡು ಬಂದ ಅಕ್ಕನನ್ನು ನೋಡಿ ಅಪ್ಪ ಎಂದ:

“ಅಕ್ಕಾ, ಹೋರಿಗೆ ಅಂಜೂದಿಲ್ಲ, ಚೇಳಿಗೆ ಅಂಜೂದಿಲ್ಲ, ನಿನಗ ಸಣ್ಣಾಕಿ ಅಂಜಿಕಿ ಐತಿ ನೋಡು.”

“ಹೌದಪಾ, ಐತಿ,” ಎಂದಳು ಗೌರತ್ತಿ, ಎಸಳು ಝಾಡಿಸಿಕೊಳ್ಳುತ್ತ. “ಹೋರಿಗೆ ಮೂಗದಾಣ ಇರತೈತಿ. ಇದಕ್ಕೆಲ್ಲಿ ಹಿಡೀಲಿ?”

ಅಂದಿನಿಂದ ಆ ಶಬ್ದ ನಮ್ಮ ಮನೆಯಲ್ಲಿ ಚಲಾವಣೆಗೆ ಬಂತು. ದೊಡ್ಡವರಿಗೆ ಸಣ್ಣ ವಸ್ತುವಿನ ಭಯವಿದ್ದರೆ ಅದಕ್ಕೆಲ್ಲ ಸಣ್ಣಾಕಿ ಅಂಜಿಕಿ. ಹಲ್ಲಿ ಕಂಡರೆ ಜಿಗಿಯುವ ಸಾಲಿ ಮಾಸ್ತರರಿಗೆ, ಹೆಂಡತಿ ಕೆಮ್ಮಿದರೆ ಬೀಡಿ ಎಸೆಯುವ ಪಕ್ಕದ ಮನೆಯ ಪೈಲ್ವಾನರಿಗೆ. ಆಡಿಕೊಳ್ಳುವಾಗ ಮಾತ್ರ ಬಳಸುವ ಶಬ್ದ ಅದು. ನಾನಂತೂ ಅತ್ತಿಯ ಶಿಷ್ಯೆ. ಬಣವೆಯ ಹಿಂದೆ ಅವಳ ಪಕ್ಕದಲ್ಲಿ ನನಗೂ ಒಂದು ಜಾಗವಿತ್ತು.

ಹೀಗಿರುವಾಗ ಒಂದು ಸಂಜೆ, ನನಗೆ ಒಂಬತ್ತೋ ಹತ್ತೋ ವರ್ಷ, ಬಾಗಿಲ ಕಟ್ಟೆಯ ಮೇಲೆ ಕೂತು ಶೇಂಗಾ ಸುಲಿಯುತ್ತಿದ್ದೆ. ಓಣಿಯ ತಿರುವಿನಿಂದ ಒಂದು ನಾಯಿ ಬಂತು. ಬಾಯಲ್ಲಿ ಜೊಲ್ಲು, ನಡಿಗೆಯೇ ಸೊಟ್ಟ. ಅದು ನನ್ನ ಮೀನಖಂಡಕ್ಕೆ ಬಾಯಿ ಹಾಕಿದ್ದೂ, ಗೌರತ್ತಿ ಒಳಗಿನಿಂದ ಹಾರಿ ಬಂದು ಅದರ ಕುತ್ತಿಗೆ ಹಿಡಿದೆಳೆದದ್ದೂ ಒಟ್ಟಿಗೇ ನೆನಪಿದೆ. ನನ್ನನ್ನು ಬಿಟ್ಟ ನಾಯಿ ಅವಳ ಮುಂಗೈ ಹಿಡಿಯಿತು. ಅವಳು ಅದನ್ನು ಗೋಡೆಗೆ ಅಪ್ಪಳಿಸಿ ಬಿಡಿಸಿಕೊಂಡಳು. ಮರುದಿನ ಬೆಳಿಗ್ಗೆ ಕೆರೆಯ ದಂಡೆಯಲ್ಲಿ ಅದು ಸತ್ತು ಬಿದ್ದಿತ್ತು. ಹುಚ್ಚುನಾಯಿಯೇ ಎಂದು ಎಲ್ಲರಿಗೂ ಖಾತ್ರಿಯಾಯಿತು.

ಆ ಸಂಜೆಯೇ ಅಪ್ಪ ಹೇಗಾದರೂ ಸವದತ್ತಿಯ ಆಸ್ಪತ್ರೆಗೆ ಮುಟ್ಟಿಸಬೇಕೆಂದು ಗಾಡಿ ಹುಡುಕಲು ಹೊರಟ. ಗೌರತ್ತಿ ನನ್ನ ಕಾಲನ್ನೂ ತನ್ನ ಕೈಯನ್ನೂ ಸಾಬೂನು ಹಚ್ಚಿ ಹಚ್ಚಿ ತೊಳೆಯುತ್ತಿದ್ದವಳು ತಲೆ ಎತ್ತಿ, ದೇವರ ಮುಂದಿನ ದೀಪದ ಕಡೆ ಕೈ ತೋರಿಸಿದಳು.

“ದೀಪಾ ಹಚ್ಚೇತಿ. ಈ ಹೊತ್ತಿನ್ಯಾಗ ಸಣ್ಣಾಕೀನ ಹೆಸರು ತಗೀಬಾರದು, ಮೈಯಾಗ ಹೊಗಿಸಿಕೊಳ್ಳತಾರೇನು?”

“ಅಕ್ಕಾ, ಇದು ಆಟಲ್ಲ. ಹುಚ್ಚ ಹತ್ತಿದರ ಔಷಧಿಲ್ಲ.”

“ಔಷಧಿಲ್ಲಂದ ಮ್ಯಾಲೆ ಸೂಜಿ ಯಾಕ?” ಎಂದವಳು, ಬಾಯಿಗೆ ಬಂದ ಆ ಹೆಸರಿಗೆ ತಾನೇ ಬೆಚ್ಚಿ ತುಟಿ ಕಚ್ಚಿಕೊಂಡಳು.

ಗಾಡಿ ಸಿಗಲಿಲ್ಲ. ಬೆಳಗಿನ ಮೊದಲ ಬಸ್ಸಿಗೆ ಹೊರಟೆವು. ಹೊಸದಾಗಿ ತುಂಬಿದ್ದ ಡ್ಯಾಮಿನ ನೀರನ್ನು ಕಿಟಕಿಯಿಂದ ನೋಡಿ ಬಸ್ಸಿನವರೆಲ್ಲ ಕೈ ಮುಗಿದರು. ಗೌರತ್ತಿ ಮುಗಿಯಲಿಲ್ಲ. ಹೊಲಿಯುತ್ತಿದ್ದ ಕೌದಿಯನ್ನು ಸುರುಳಿ ಸುತ್ತಿ ತೊಡೆಯ ಮೇಲಿಟ್ಟುಕೊಂಡಿದ್ದಳು. ಅದನ್ನು ಯಾಕೆ ತಂದಳೋ ಯಾರೂ ಕೇಳಲಿಲ್ಲ.

ಆಸ್ಪತ್ರೆಯ ಗೇಟಿನ ತನಕ ಬಂದಳು. ಅಲ್ಲಿಗೆ ಸ್ಪಿರಿಟ್ಟಿನ ವಾಸನೆ ಬರುತ್ತಿತ್ತು. ಬಂದವಳು ಬೇವಿನ ಮರದ ಕೆಳಗೆ ಕುಸಿದು ಕೂತುಬಿಟ್ಟಳು. ಅವಳ ಹಣೆ, ಕುತ್ತಿಗೆ, ರವಿಕೆಯ ಬೆನ್ನು ನೀರಾಗಿದ್ದವು. ತಮಾಷೆಗೆ ಅಂಜುವವರು ಹಾಗೆ ಬೆವರುವುದಿಲ್ಲ. ಅಪ್ಪ ಬೇಡಿಕೊಂಡ, ಸಿಟ್ಟಾದ, ಕಡೆಗೆ ಸಣ್ಣ ಹುಡುಗನ ಹಾಗೆ ಅತ್ತುಬಿಟ್ಟ. ಅಷ್ಟಾದರೂ ಅವಳು ಮೇಲೇಳಲಿಲ್ಲ.

“ಸಾಯೂದಾದರ ಸಾಯತೇನಿ. ಅದಕ್ಕ ನನಗೇನು ಅಂಜಿಕಿಲ್ಲ,” ಎಂದಳು. ಅದು ನಿಜವೇ ಆಗಿತ್ತು. ಸಾವಿಗೆ ಅವಳು ಅಂಜಿರಲಿಲ್ಲ.

ಅಷ್ಟರಲ್ಲಿ ನರ್ಸಬಾಯಿ ಬಾಗಿಲಿಗೆ ಬಂದರು. ಬಿಳಿ ಸೀರೆ, ಎಣ್ಣೆ ಹಚ್ಚಿ ಬಿಗಿದ ತುರುಬು. “ಅಕ್ಕಾರ ಆಮ್ಯಾಲೆ ಬರಲಿ, ಹುಡಗೀನ ಮೊದಲ ಕಳಸ್ರಿ,” ಎಂದರು. ಅಪ್ಪ ನನ್ನ ಕೈ ಹಿಡಿದ. ನಾನು ಕೈ ಕೊಸರಿಕೊಂಡು ಓಡಿ ಅತ್ತಿಯ ಸೆರಗಿನ ಹಿಂದೆ ಸೇರಿಕೊಂಡೆ. ಬಣವೆಯ ಹಿಂದೆ ಕಲಿತ ವಿದ್ಯೆ ಅದು.

“ಅತ್ತಿ ಒಲ್ಲೆ ಅಂದರ ನಾನೂ ಒಲ್ಲೆ,” ಎಂದೆ.

ಗೌರತ್ತಿ ನನ್ನ ಮುಖ ನೋಡಿದಳು. ನನ್ನ ಕಾಲಿನ ಗಾಯ ನೋಡಿದಳು. ಆಮೇಲೆ ಎದ್ದಳು. ಮರವನ್ನು ಹಿಡಿದು ಎದ್ದಳು. “ನರ್ಸಬಾಯಾರ, ನನಗ ಮೊದಲ ಹಾಕ್ರಿ. ಇದು ನೋಡಲಿ,” ಎಂದು ಕೌದಿ ಬಗಲಲ್ಲಿಟ್ಟುಕೊಂಡು ಒಳಗೆ ನಡೆದಳು.

ಕುದಿಯುವ ನೀರಿನ ಡಬ್ಬಿಯಿಂದ ಗಾಜಿನ ಸಿರಿಂಜು ಚಿಮುಟದಲ್ಲಿ ಮೇಲೆ ಬಂದಾಗ ನನಗೆ ಗೊತ್ತಾಯಿತು, ನಾಯಿ ಕಡಿದರೆ ಸೂಜಿ ಹೊಟ್ಟೆಗೆ ಎಂದು ಊರವರು ಹೇಳುತ್ತಿದ್ದದ್ದು ನಿಜವೇ. ಗೌರತ್ತಿ ಮಂಚದ ಮೇಲೆ ಅಂಗಾತ ಮಲಗಿದಳು. ಮಲಗಿ, ಕೌದಿಯನ್ನು ಬಿಚ್ಚಿ ಎದೆಯ ಮೇಲೆ ಪರದೆಯಂತೆ ಎತ್ತಿ ಹಿಡಿದು, ಹೊಟ್ಟೆ ಕಾಣದ ಹಾಗೆ ಮಾಡಿಕೊಂಡಳು. ಸೂಜಿಗೆ ದಾರ ಮೊದಲೇ ಪೋಣಿಸಿತ್ತು. ಟಾಕಿ ಹಾಕಲು ಶುರು ಮಾಡಿದಳು.

“ಅಕ್ಕಾರ, ಇದೇನ್ರಿ?” ಎಂದರು ನರ್ಸಬಾಯಿ.

“ನಿಮ್ಮ ಕೆಲಸ ನೀವು ಮಾಡ್ರಿ, ನನ್ನ ಕೆಲಸ ನಾ ಮಾಡತೇನಿ.”

ಕೌದಿಯ ಆ ಬದಿಗೆ ಒಂದು ಸೂಜಿ, ಈ ಬದಿಗೆ ಒಂದು ಸೂಜಿ. ನಾನು ಅತ್ತಿಯ ತಲೆಯ ಬದಿ ನಿಂತಿದ್ದೆ. ಅವಳ ಕಣ್ಣು ಟಾಕಿಯ ಮೇಲೆಯೇ ಇತ್ತು. ನಂತರ ನನ್ನ ಸರದಿ. ನಾನೂ ಕೌದಿಯ ತುದಿಯನ್ನು ಮುಖದ ಮೇಲೆ ಎಳೆದುಕೊಂಡೆ. ಹಳೆಯ ಸೀರೆಯ ವಾಸನೆಯೊಳಗೆ ನಾನು ಜೋರಾಗಿ ಅತ್ತೆ, ಆದರೆ ಓಡಲಿಲ್ಲ. ಓಡಲು ನನಗೆ ಕಾರಣವೇ ಉಳಿದಿರಲಿಲ್ಲ.

ದಿನಕ್ಕೊಂದು, ಎರಡು ವಾರ. ದಿನಾ ಅದೇ ಬಸ್ಸು, ಅದೇ ಬೇವಿನ ಮರ, ಅದೇ ಮಂಚ. ದಿನಕ್ಕೊಂದು ಸಾಲು ಕೌದಿ. ನರ್ಸಬಾಯಿಯ ಜೊತೆ ಸ್ನೇಹವಾಯಿತು, ಅವರಿಗೆ ನಮ್ಮ ಮನೆಯ ಕೆಂಪು ಖಾರದ ಡಬ್ಬಿ ಹೋಯಿತು. ಕೊನೆಕೊನೆಗೆ ಅವರು ಕೇಳಿದರು, “ಅಕ್ಕಾರ, ಈಗ ರೂಢಿ ಆತೇನ್ರಿ?” ಗೌರತ್ತಿ ನನ್ನ ಕಡೆ ಒಮ್ಮೆ ನೋಡಿ, “ಆತ ಬಿಡ್ರಿ. ಇರಬಿ ಕಡಿದಂಗ ಅನಸತೈತಿ ಅಷ್ಟ,” ಎಂದಳು. ನಾನು ನಂಬಿದೆ. ಅತ್ತಿಗೆ ಇರುವೆ ಕಡಿದಂತೆ ಎಂದ ಮೇಲೆ ನನಗೂ ಹಾಗೇ ಅನ್ನಿಸತೊಡಗಿತು.

ಕೊನೆಯ ಸೂಜಿಯ ದಿನ ಮನೆಗೆ ಬಂದು, ಹೊತ್ತು ಮುಳುಗುವ ಮೊದಲೇ ಆ ಕೌದಿಯನ್ನು ಮುಗಿಸಿದಳು. ನಮ್ಮಲ್ಲಿ ಕೌದಿಯ ನಟ್ಟನಡುವೆ ಉಳಿದ ಕೊನೆಯ ತೆರಪನ್ನು ಬರಿದೇ ಮುಚ್ಚುವುದಿಲ್ಲ. ಒಳಗೆ ಚೂರು ರೊಟ್ಟಿ, ನಾಲ್ಕು ಕಾಳು ಜೋಳ ಹಾಕಿ, ಅದರ ಹೊಟ್ಟೆ ತುಂಬಿಸಿ, ಆಮೇಲೆ ಹೊಲಿಯಬೇಕು. ಹಸಿದ ಕೌದಿ ಹೊದ್ದವರನ್ನು ಬೆಚ್ಚಗಿಡುವುದಿಲ್ಲವಂತೆ. ಗೌರತ್ತಿ ನನ್ನ ಅಂಗೈಗೆ ಜೋಳ ಸುರಿದಳು.

“ಹಾಕು. ನಮ್ಮ ಹೊಟ್ಟಿಗೆ ಬರೇ ಸೂಜಿ ಆತು, ಅದರ ಹೊಟ್ಟಿಗ್ಯಾರ ಕಾಳು ಬೀಳಲಿ. ಇದು ನಿಂದು ನೋಡು ಇನ್ನ.”

ಅಪ್ಪ ಅದಾದ ಮೇಲೆ ಸಣ್ಣಾಕಿ ಅಂಜಿಕಿ ಎಂದು ಅಕ್ಕನನ್ನು ಕಾಡಲಿಲ್ಲ. ಶಬ್ದ ಮಾತ್ರ ಉಳಿಯಿತು, ಬಳಕೆ ಬದಲಾಯಿತು. ಬೈಲಹೊಂಗಲದಲ್ಲಿ ಸಭೆಯೊಂದರಲ್ಲಿ ಮೊದಲ ಸಲ ಭಾಷಣ ಮಾಡಿ ಬಂದ ಅಪ್ಪ, “ಸಣ್ಣಾಕಿ ಅಂಜಿಕಿ ಇತ್ತು, ಆದರೂ ಮಾತಾಡಿ ಬಂದೆ,” ಎಂದು ಹೆಮ್ಮೆಯಿಂದಲೇ ಹೇಳಿದ. ನಾನು ಮದುವೆಯಾಗಿ ಕಿತ್ತೂರಿಗೆ ಹೊರಟ ದಿನ ಗೌರತ್ತಿ ಕಿವಿಯಲ್ಲಿ ಕೇಳಿದಳು, “ಸಣ್ಣಾಕಿ ಅಂಜಿಕಿ ಐತೇನ?” ನಾನು ಹೌದೆಂದು ತಲೆಯಾಡಿಸಿದೆ. “ಇರಲಿ, ನೀ ನಡಿ,” ಎಂದಳು. ನಮ್ಮ ಮನೆಯ ಮಟ್ಟಿಗೆ ಆ ಶಬ್ದದ ಅರ್ಥ ಅಷ್ಟೇ ಆಗಿಬಿಟ್ಟಿತು. ಡಾಕ್ಟರ್ ಹುಡುಗಿಯ ಗ್ರೀಕ್ ಶಬ್ದದಲ್ಲಿ ಬೈರಿಗೆಯಿದೆ, ಭಯವಿದೆ. ಎದ್ದು ನಡೆಯುವುದು ಅದರಲ್ಲಿಲ್ಲ.

ಗೌರತ್ತಿ ಹೋಗಿ ಬಹಳ ವರ್ಷಗಳಾದವು. ಕೌದಿ ನನ್ನ ಟ್ರಂಕಿನಲ್ಲಿದೆ. ಈಗ, ನಿಮ್ಮೊಂದಿಗೆ ಮಾತಾಡುತ್ತಲೇ, ಅದನ್ನು ತೆಗೆದು ಮಂಚದ ಮೇಲೆ ಹಾಸಿದ್ದೇನೆ. ಇಷ್ಟು ವರ್ಷ ಹೊದ್ದಿದ್ದೇನೆ, ಒಗೆದಿದ್ದೇನೆ, ಒಮ್ಮೆಯೂ ಕನ್ನಡಕ ಹಾಕಿಕೊಂಡು ನೋಡಿರಲಿಲ್ಲ. ಆಸ್ಪತ್ರೆಯಲ್ಲಿ ಹೊಲಿದ ಸಾಲುಗಳನ್ನು ಯಾರು ಬೇಕಾದರೂ ಗುರುತಿಸಬಹುದು. ಜೋಳದ ಕಾಳಿನಷ್ಟು ಟಾಕಿಗಳು ಒಂದರ ಹಿಂದೊಂದು ಬರುತ್ತ ಬರುತ್ತ, ಪ್ರತಿ ಸಾಲಿನಲ್ಲೂ ಒಂದು ಕಡೆ ದಾರ ಬೆರಳುದ್ದ ಹಾರಿ, ಅಡ್ಡಾದಿಡ್ಡಿ ಬಿದ್ದು, ಮತ್ತೆ ಸಾಲಿಗೆ ಸೇರಿಕೊಂಡಿದೆ. ಆ ಬದಿಯ ಸೂಜಿ ಒಳಗೆ ಹೋದ ಗಳಿಗೆ ಅದು.

ರೂಢಿಯಾಗಿದ್ದರೆ ಆ ಹಾರಿಕೆ ಬರಬರುತ್ತ ಚಿಕ್ಕದಾಗಬೇಕಿತ್ತು. ಬೆರಳಿಟ್ಟು ಸಾಲಿನಿಂದ ಸಾಲಿಗೆ ಒಳಗೆ ಸರಿಯುತ್ತ ಹೋದೆ. ಆಗಿಲ್ಲ. ಮೊದಲ ದಿನದ ದಾರ ಎಷ್ಟುದ್ದ ಹಾರಿದೆಯೋ ಕೊನೆಯ ದಿನದ್ದೂ ಅಷ್ಟೇ ಉದ್ದ ಹಾರಿದೆ. ಇರುವೆ ಕಡಿದಂತೆ ಎಂದದ್ದು ನನಗಾಗಿ ಹೇಳಿದ ಸುಳ್ಳು. ಬೇವಿನ ಮರದ ಕೆಳಗೆ ಬೆವರಿದ ಅದೇ ಹೆಂಗಸು, ಅದೇ ಅಂಜಿಕೆಯನ್ನು ಚೂರೂ ಕಡಿಮೆಯಿಲ್ಲದಂತೆ ಹೊತ್ತುಕೊಂಡು, ಎರಡು ವಾರ ದಿನಾ ನನ್ನ ಮುಂದೆ ನಡೆದು ಹೋಗಿದ್ದಳು. ಕೈ ಮುಗಿಯಬೇಕೆನ್ನಿಸಿತು. ಯಾರಿಗೆ ಎಂದು ತೋಚದೆ ಕೌದಿಗೇ ಮುಗಿದೆ.

ಒಂದು ನಿಮಿಷ ಇರಿ. ಫ್ರಿಜ್ಜಿನ ಬಾಗಿಲು ತೆರೆದು ಬರುತ್ತೇನೆ. ಹೊಟ್ಟೆಯನ್ನು ನಾಲ್ಕನೆಯ ಸಲ ಒರೆಸಿಯಾಯಿತು. ಎಡಗೈಯಲ್ಲಿ ಕೌದಿಯ ಕೊನೆಯ ಸಾಲು, ಹಾರಿದ ಆ ದಾರ ನನ್ನ ಹೆಬ್ಬೆರಳ ಕೆಳಗೆ. ಬಲಗೈಯಲ್ಲಿ ಸಣ್ಣಾಕಿ. ಅಂಜಿಕಿ ಇದೆ, ಚೂರೂ ಕಡಿಮೆಯಾಗಿಲ್ಲ.

ಇರಲಿ. ಹಾಕಿಕೊಂಡೆ.